ಊರವರು ಉಳಿಸಿಕೊಂಡ ಬೆಲುಂ ಗುಹೆ

ಹಂಪಿ, ಆನೆಗೊಂದಿ, ಕಂಪ್ಲಿ ಸುತ್ತಮುತ್ತ ಗವಿಗಳಿಗೆ ಬರವಿಲ್ಲ. ಸುಗ್ರೀವನ ಗವಿಯನ್ನು ನಾವೆಲ್ಲ ಕಂಡವರೇ. ಆನೆಗೊಂದಿ ಹತ್ತಿರದ ಒನಕೆ ಕಿಂಡಿಯಲ್ಲಿ ಆದಿಮಾನವ ಬರೆದ ಚಿತ್ರಗಳೂ ಉಂಟು. ಆದರೆ ನಮ್ಮ ಕಡೆಯವು ಗುಂಡುಕಲ್ಲುಗಳು ಒಂದಕ್ಕೊಂದು ಒರಗಿ ಆದ ಗವಿಗಳು. ಸುಣ್ಣದಕಲ್ಲಿನ ಗುಹೆಯ ಹುಟ್ಟೇ ಬೇರೆ. ಅದನ್ನು ನೋಡಬೇಕಾದರೆ ಬಳ್ಳಾರಿ, ಗುತ್ತಿ, ತಾಡಪತ್ರಿ ದಾಟಿ ಬೆಲುಂ ಎಂಬ ಹಳ್ಳಿಗೆ ಹೋಗಬೇಕು.

ಈಗ ಅದು ಆಂಧ್ರದ ನಂದ್ಯಾಲ ಜಿಲ್ಲೆಯಲ್ಲಿದೆ, ಮೊದಲು ಕರ್ನೂಲು ಜಿಲ್ಲೆಯಲ್ಲಿತ್ತು. 1953ರವರೆಗೆ ಕರ್ನೂಲೂ ನಮ್ಮ ಬಳ್ಳಾರಿಯೂ ಮದ್ರಾಸಿನ ಆಡಳಿತಕ್ಕೇ ಸೇರಿದ್ದವು. ಬಳ್ಳಾರಿ ಜಿಲ್ಲೆಯ ಕಲ್ಲು-ಮಣ್ಣು, ಅದಿರು ಕುರಿತು 1895ರಲ್ಲಿ ಗ್ರಂಥ ಹೊರತಂದ ರಾಬರ್ಟ್ ಬ್ರೂಸ್ ಫೂಟ್ ಸಾಹೇಬರೇ 1884ರಲ್ಲಿ ಬೆಲುಂ ಗುಹೆಯನ್ನೂ ದಾಖಲೆಗೆ ತಂದರು. ಆಮೇಲೆ ಸುಮಾರು ನೂರು ವರ್ಷ ಅದನ್ನು ಕೇಳುವವರಿರಲಿಲ್ಲ. 1982-83ರಲ್ಲಿ ಜರ್ಮನಿಯ ಗೆಬಾವರ್ ಅವರ ತಂಡ ಬಂದು ಒಳಗೆಲ್ಲ ಅಳೆಯಿತು. ಉದ್ದ 3,229 ಮೀಟರ್!

ಮೇಲೆ ನೋಡಿದರೆ ಬಯಲು ನೆಲ, ಬಾವಿಯಂಥ ಮೂರು ಕುಳಿ, ಅಷ್ಟೇ. ಇದು ಹೇಗಾಯಿತು ಅಂತೀರಾ? ಮಳೆನೀರು ಮಣ್ಣಿನಲ್ಲಿ ಇಳಿಯುವಾಗ ಇಂಗಾಲಾಮ್ಲವನ್ನು ಸೇರಿಸಿಕೊಂಡು ಸ್ವಲ್ಪ ಹುಳಿಯಾಗುತ್ತದೆ. ಆ ನೀರು ಸುಣ್ಣದಕಲ್ಲನ್ನು ಲಕ್ಷಾಂತರ ವರ್ಷ ಕರಗಿಸಿ ದಾರಿ ಮಾಡಿಕೊಳ್ಳುತ್ತದೆ. ಮೇಲಿನಿಂದ ತೊಟ್ಟಿಕ್ಕುವ ಹನಿ ತಾನು ತಂದ ಸುಣ್ಣವನ್ನು ಬಿಟ್ಟು ಹೋಗಿ ಕಲ್ಲಿನ ಜಡೆ ಇಳಿಯುತ್ತದೆ. ಒಮ್ಮೆ ಮುರಿದರೆ ನಮ್ಮ ಮೊಮ್ಮಕ್ಕಳ ಕಾಲಕ್ಕೂ ಅದು ಮತ್ತೆ ಬೆಳೆಯದು.

ಇಂಥ ಜಾಗ 1980ರ ದಶಕದಲ್ಲೂ ಸುತ್ತಲಿನವರಿಗೆ ಕಸ ಸುರಿಯುವ ಗುಂಡಿಯಾಗಿತ್ತು! ಸುಣ್ಣದಕಲ್ಲಿನ ನೆಲದಲ್ಲಿ ನೀರು ಸೋಸಿಕೊಂಡು ಇಳಿಯುವುದಿಲ್ಲ, ಬಿರುಕಿನಲ್ಲಿ ನೇರ ಹರಿದು ಹೋಗುತ್ತದೆ. ಮೇಲೆ ಸುರಿದ ಹೊಲಸು ನಾಳೆ ಕುಡಿಯುವ ಬಾವಿಗೇ ಬಂತೆಂದು ತಿಳಿಯಬೇಕು. 1985ರಲ್ಲಿ ಸರ್ಕಾರ ಗುಹೆಯನ್ನು ರಕ್ಷಿತವೆಂದು ಸಾರಿತು. ಆದರೆ ಕಾಗದದ ಆಜ್ಞೆಯಿಂದಲೇ ಕಸ ನಿಲ್ಲಲಿಲ್ಲ. ಊರಿನ ಹಿರಿಯರು ಪಟ್ಟುಹಿಡಿದು ವರ್ಷಗಟ್ಟಲೆ ಓಡಾಡಿದರು. 1999ರಲ್ಲಿ ಪ್ರವಾಸೋದ್ಯಮ ನಿಗಮ ವಹಿಸಿಕೊಂಡು ಹೂಳು ತೆಗೆಸಿ, ದಾರಿ-ದೀಪ ಮಾಡಿಸಿತು. 2002ರಲ್ಲಿ ಗುಹೆ ಜನರಿಗೆ ತೆರೆಯಿತು. ಈಗ ಸುಮಾರು ಒಂದೂವರೆ ಕಿಲೋಮೀಟರ್ ಒಳಗೆ ನಡೆದು ನೋಡಬಹುದು.

ನಾವೂ ಸುಣ್ಣದ ಋಣದಲ್ಲಿರುವವರೇ. ಹಂಪಿಯ ಗೋಪುರಗಳಿಗೆ ಗಾರೆ, ತುಂಗಭದ್ರಾ ಅಣೆಕಟ್ಟಿನ ಕಲ್ಲುಗಳಿಗೆ ಸುಣ್ಣ-ಸುರ್ಕಿ ಬೇಕಾಯಿತು. ಕಲ್ಲು, ಅದಿರು ತೆಗೆಯದೆ ಊರು ಬೆಳೆಯದು, ನಿಜ. ಮಿತಿ ಮೀರಿದರೆ ಏನಾಗುತ್ತದೆಂದು ಸಂಡೂರಿನ ಗುಡ್ಡಗಳು ಹೇಳುತ್ತವೆ. 2011ರಲ್ಲಿ ಸುಪ್ರೀಂ ಕೋರ್ಟೇ ಗಣಿಗಾರಿಕೆ ನಿಲ್ಲಿಸಬೇಕಾಯಿತು.

ಸಹಕಾರವೆಂದರೆ ಸಾಲ, ಗೊಬ್ಬರ, ಷೇರು ಮಾತ್ರವಲ್ಲ ಎಂದು ಬೆಲುಂನವರು ತೋರಿಸಿದ್ದಾರೆ. ನಮ್ಮ ಗವಿಯ ಚಿತ್ರಗಳ ಮೇಲೆ ಹೆಸರು ಕೆತ್ತುವ ಹುಡುಗರನ್ನು ತಡೆಯೋಣ. ಹಾಳುಬಾವಿಗೆ ಕಸ ಸುರಿಯುವುದನ್ನು ಬಿಡೋಣ. ಇದಕ್ಕೆ ಬಂಡವಾಳ ಬೇಕಿಲ್ಲ, ಸದಸ್ಯರ ಒಮ್ಮತ ಸಾಕು.