ನಕ್ಷೆಯಲ್ಲಿ ಕೆರೆಗೆ ಜಾಗ

ಮೇಜಿನ ಸುತ್ತ ಕೂತು, ಒಬ್ಬೊಬ್ಬರು ಒಂದೊಂದು ಪಾತ್ರವಾಗಿ, ದಾಳ ಉರುಳಿಸುತ್ತ ಕಥೆ ಕಟ್ಟುವ ರೋಲ್ ಪ್ಲೇಯಿಂಗ್ ಆಟಗಳಿಗೆ ನಕ್ಷೆಯೇ ನೆಲ. ಈ ನಕ್ಷೆಯ ಬೇರು ಸೈನ್ಯದಲ್ಲಿದೆ. 1824ರಲ್ಲಿ ಪ್ರಷ್ಯಾದ ಸೇನಾಧಿಕಾರಿ ರೈಸ್‌ವಿಟ್ಸ್, ಅಧಿಕಾರಿಗಳ ತರಬೇತಿಗಾಗಿ ರೂಪಿಸಿದ ಯುದ್ಧದಾಟವನ್ನು ಅಳತೆಗೆ ಸರಿಯಾದ ಭೂಪಟದ ಮೇಲೆ ಆಡಿಸಿದ. 1974ರಲ್ಲಿ ಗ್ಯಾರಿ ಗೈಗ್ಯಾಕ್ಸ್ ಮತ್ತು ಡೇವ್ ಆರ್ನೆಸನ್ 'ಡಂಜನ್ಸ್ ಅಂಡ್ ಡ್ರ್ಯಾಗನ್ಸ್' ಹೊರತಂದಾಗ ನೆಲಮಾಳಿಗೆಗಳನ್ನು ಬರೆಯಲು ಗ್ರಾಫ್ ಹಾಳೆ ಸಾಕಾಯಿತು. ಕಾಡುಮೇಡು ಸುತ್ತಲು ಅವರು ಸೂಚಿಸಿದ್ದು 1972ರ 'ಔಟ್‌ಡೋರ್ ಸರ್ವೈವಲ್' ಎಂಬ ಬೇರೊಂದು ಆಟದ ಹಾಸು. ಅದರಲ್ಲಿ ನೆಲವೆಲ್ಲ ಆರು ಮೂಲೆಯ ಮನೆಗಳು.

ಕಂಪ್ಯೂಟರ್ ಬಂದ ಮೇಲೆ, 1993ರಲ್ಲಿ ಇಂಗ್ಲೆಂಡಿನ ಪ್ರೊಫ್ಯಾಂಟಸಿ ಸಂಸ್ಥೆ 'ಕ್ಯಾಂಪೇನ್ ಕಾರ್ಟೋಗ್ರಾಫರ್' ಬಿಡುಗಡೆ ಮಾಡಿತು. ಅದರ ಒಡಲಲ್ಲಿದ್ದುದು ಎಂಜಿನಿಯರುಗಳು ನಕಾಶೆ ಬರೆಯುತ್ತಿದ್ದ ಫಾಸ್ಟ್‌ಕ್ಯಾಡ್. 2017ರ ಹೊತ್ತಿಗೆ ಒಂದು ಗುಂಡಿ ಒತ್ತಿದರೆ ಇಡೀ ಪಟ್ಟಣವನ್ನೇ ಬರೆದುಕೊಡುವ ತಂತ್ರಾಂಶ ಬಂತು: 'ಮೀಡೀವಲ್ ಫ್ಯಾಂಟಸಿ ಸಿಟಿ ಜನರೇಟರ್'. ಗೋಡೆ, ಬಾಗಿಲು, ಕೋಟೆ, ಚೌಕ, ಬೇಕಾದರೆ ನದಿ. ಸೊಗಸಾದ ಕೆಲಸ. ಆದರೆ ಹೆಸರೇ ಹೇಳುವಂತೆ, ಪಟ್ಟಣವೆಂದರೆ ಯುರೋಪಿನ ಮಧ್ಯಯುಗದ ಪಟ್ಟಣ.

ಇದು ನನಗೆ ಹೊಳೆದದ್ದು ಪದ್ಮನಾಭನಗರದಲ್ಲಿ, ಗೆಳೆಯರ ಆಟಕ್ಕಾಗಿ ಕೆಂಪೇಗೌಡರ ಕಾಲದ ಬೆಂಗಳೂರನ್ನು ಬರೆಯಲು ಕೂತಾಗ. 1537ರಲ್ಲಿ ಕಟ್ಟಿಸಿದರೆನ್ನುವ ಆ ಪೇಟೆಗೂ ಕೋಟೆಯಿತ್ತು, ಬಾಗಿಲುಗಳಿದ್ದವು. ದೊಡ್ಡಪೇಟೆ, ಚಿಕ್ಕಪೇಟೆ ಎಂಬ ಎರಡು ಬೀದಿಗಳು ಒಂದನ್ನೊಂದು ಹಾಯುತ್ತಿದ್ದವು. ಕಸುಬು, ವ್ಯಾಪಾರದ ಮೇಲೆ ಅಕ್ಕಿಪೇಟೆ, ಅರಳೆಪೇಟೆ, ಬಳೆಪೇಟೆಗಳಾದವು. ಇಷ್ಟನ್ನು ತಂತ್ರಾಂಶದಲ್ಲಿ ಹೇಗೋ ಹೊಂದಿಸಬಹುದು. ಹೊಂದದ್ದು ನೀರು. ಸಮುದ್ರಮಟ್ಟದಿಂದ ಸುಮಾರು 900 ಮೀಟರ್ ಎತ್ತರದ ದಿಬ್ಬದ ಮೇಲಿರುವ ಈ ಊರಿನ ಮಗ್ಗುಲಲ್ಲಿ ದೊಡ್ಡ ನದಿಯಿಲ್ಲ. ಮಳೆನೀರಿಗೆ ಏರಿ ಹಾಕಿ ನಿಲ್ಲಿಸಬೇಕು, ತೂಬಿನಿಂದ ಗದ್ದೆಗೆ ಬಿಡಬೇಕು, ಹೆಚ್ಚಾದದ್ದು ಕೋಡಿ ಹರಿದು ಕೆಳಗಿನ ಕೆರೆ ಸೇರಬೇಕು.

ಕೊನೆಗೆ ಧರ್ಮಾಂಬುಧಿ, ಕೆಂಪಾಂಬುಧಿಗಳನ್ನು ಕೈಯಲ್ಲೇ ಬರೆದೆ. ಆಟದ ದಿಕ್ಕೇ ಬದಲಾಯಿತು. ನಿಧಿ ಹುಡುಕಲು ಬಂದವರು, ಮಳೆ ಕೈಕೊಟ್ಟ ವರ್ಷ ತೂಬು ಯಾರು ಎತ್ತಬೇಕು, ಮೊದಲು ಯಾರ ಗದ್ದೆಗೆ ನೀರು ಎಂದು ಜಗಳಕ್ಕೆ ನಿಂತರು. ಸೈನ್ಯದ ನಕ್ಷೆ 'ಎಷ್ಟು ದೂರ ನಡೆಯಬಹುದು' ಎಂದು ಕೇಳಿತ್ತು. ನಮ್ಮದು 'ನೀರು ಎಲ್ಲಿ ನಿಲ್ಲುತ್ತದೆ' ಎಂದು ಕೇಳಿತು. ನಕ್ಷೆ ಕೇಳುವ ಪ್ರಶ್ನೆಯಂತೆ ಕಥೆ.

ಧರ್ಮಾಂಬುಧಿಯ ಅಂಗಳದಲ್ಲಿ ಇವತ್ತು ಮೆಜೆಸ್ಟಿಕ್ ಬಸ್ ನಿಲ್ದಾಣವಿದೆ. ಸಂಪಂಗಿ ಕೆರೆಯ ಜಾಗದಲ್ಲಿ ಕಂಠೀರವ ಕ್ರೀಡಾಂಗಣ. ನೆಲದಿಂದ ಒಮ್ಮೆ ಅಳಿಸಿಹೋದ ಕೆರೆಗಳನ್ನು ಕಲ್ಪನೆಯ ಊರಿನಿಂದಲೂ ಬಿಟ್ಟುಬಿಟ್ಟರೆ, ಈ ಆಟ ಆಡಿ ಬೆಳೆಯುವ ಹುಡುಗರಿಗೆ ಬೆಂಗಳೂರು ಯಾಕೆ ಇಲ್ಲೇ ಹುಟ್ಟಿತು ಎಂದು ಹೇಳುವುದಾದರೂ ಹೇಗೆ? ತಂತ್ರಾಂಶ ಬರೆಯುವವರು ಈ ಊರಿನಲ್ಲಿ ಬೇಕಾದಷ್ಟಿದ್ದಾರೆ. ಏರಿ, ತೂಬು, ಕೋಡಿ: ಮೂರು ಚಿಹ್ನೆಗಳಿಂದ ಶುರುಮಾಡಬಹುದು.