ಠಸ್ಸೆಯ ಮೇಲೊಂದು ಠಸ್ಸೆ

1906ರಲ್ಲಿ ನಾಸಿಕ್ ಜಿಲ್ಲೆಯ ಜೋಗಲ್‌ಟೆಂಭಿ ಎಂಬ ಹಳ್ಳಿಯಲ್ಲಿ ಬೆಳ್ಳಿ ನಾಣ್ಯಗಳ ದೊಡ್ಡ ನಿಧಿ ಸಿಕ್ಕಿತು. ಎಣಿಸಿದಾಗ 13,250ಕ್ಕೂ ಹೆಚ್ಚು. ಒಂದೊಂದೂ ಹೆಬ್ಬೆರಳ ಉಗುರಿನಷ್ಟು ಅಗಲ, ತೂಕ ಎರಡು ಗ್ರಾಂ ಚಿಲ್ಲರೆ. ಎಲ್ಲವನ್ನೂ ಮೊದಲು ಅಚ್ಚು ಹಾಕಿಸಿದವನು ಕ್ಷಹರಾತ ವಂಶದ ನಹಪಾನ. ಒಂದು ಬದಿಯಲ್ಲಿ ಅವನ ಮುಖ, ಇನ್ನೊಂದು ಬದಿಯಲ್ಲಿ ಬಾಣ ಮತ್ತು ವಜ್ರಾಯುಧ. ಹೆಸರು ಗ್ರೀಕ್, ಬ್ರಾಹ್ಮಿ, ಖರೋಷ್ಠಿ ಮೂರೂ ಲಿಪಿಗಳಲ್ಲಿ. ಆದರೆ ಅವುಗಳಲ್ಲಿ 9,000ಕ್ಕೂ ಹೆಚ್ಚು ನಾಣ್ಯಗಳ ಮೇಲೆ ಎರಡನೆಯ ಸಲ ಅಚ್ಚು ಬಿದ್ದಿತ್ತು. ಮೂರು ಕಮಾನಿನ ಬೆಟ್ಟ, ಅದರಡಿ ನದಿಯಂತೆ ಬಳುಕುವ ಗೆರೆ. ಮಗುಚಿದರೆ ನಾಲ್ಕು ತುದಿಗೂ ಗುಂಡುಗಳಿರುವ ಕೂಡುಗೆರೆ. ಸುತ್ತ ಬ್ರಾಹ್ಮಿ ಅಕ್ಷರಗಳಲ್ಲಿ ಗೌತಮೀಪುತ್ರ ಶಾತಕರ್ಣಿಯ ಹೆಸರು.

ನಹಪಾನನನ್ನು ಸೋಲಿಸಿದ ಈ ಸಾತವಾಹನ ದೊರೆ ಆ ಬೆಳ್ಳಿಯನ್ನು ಕರಗಿಸಲಿಲ್ಲ. ಹಳೆಯ ಠಸ್ಸೆಯ ಮೇಲೆಯೇ ತನ್ನ ಠಸ್ಸೆ ಒತ್ತಿಸಿದ. ಒತ್ತು ಸರಿಯಾಗಿ ಕೂರದ ನಾಣ್ಯಗಳಲ್ಲಿ ಹೊಸ ಗುರುತಿನ ಸಂದಿಯಿಂದ ಸೋತವನ ಮೂಗಿನ ತುದಿ, ಗ್ರೀಕ್ ಅಕ್ಷರದ ಒಂದು ಕಾಲು ಇನ್ನೂ ಇಣುಕುತ್ತವೆ. ಒಂದೇ ಬಿಲ್ಲೆಯ ಮೇಲೆ ಇಬ್ಬರು ರಾಜರು. ಓದುವವನಿಗೆ ಎರಡೂ ಪದರ ಕಾಣಬೇಕು.

ಹೀಗೆ ಗುರುತುಗಳನ್ನು ಓದುವ ವಿದ್ಯೆಯನ್ನು ಏನೆಂದು ಕರೆಯಬೇಕು? ಕನ್ನಡಿಗರ ಬಾಯಿಗೆ ಮೊದಲು ಬರುವ ಮಾತು ‘ಲಾಂಛನ’. ರಾಜಲಾಂಛನ, ರಾಷ್ಟ್ರಲಾಂಛನ, ಸಂಸ್ಥೆಯ ಲಾಂಛನ. ಅದನ್ನು ಅಭ್ಯಾಸ ಮಾಡುವುದು ಲಾಂಛನಶಾಸ್ತ್ರ. ಗೌರವದ ಮಾತು ಅದು. ಆದರೆ ಇದೇ ಮಾತನ್ನು ಹಿಡಿದುಕೊಂಡು ನಾಸಿಕ್‌ಗೆ ಹೋದರೆ ಕೇಳಿದವರ ಹುಬ್ಬು ಗಂಟಿಕ್ಕುತ್ತದೆ. ಮರಾಠಿಯ ದಿನಬಳಕೆಯಲ್ಲಿ ಲಾಂಛನ ಎಂದರೆ ಕಳಂಕ, ಹೆಸರಿಗೆ ಹತ್ತಿದ ಮಸಿ. ನಾಚಿಕೆಗೇಡಿನ ಸಂಗತಿಯನ್ನು ಅಲ್ಲಿನ ಪತ್ರಿಕೆಗಳು ‘ಲಾಂಛನಾಸ್ಪದ’ ಎಂದು ಬರೆಯುತ್ತವೆ. ಕನ್ನಡದ ಲಾಂಛನಕ್ಕೆ ಅಲ್ಲಿ ಬೋಧಚಿಹ್ನ ಎನ್ನಬೇಕು, ಮಾನಚಿಹ್ನ ಎನ್ನಬೇಕು, ಇಲ್ಲವೆ ರಾಜಮುದ್ರಾ ಎನ್ನಬೇಕು.

ಇದು ಯಾರ ತಪ್ಪೂ ಅಲ್ಲ. ಅಮರಕೋಶದಲ್ಲಿ ಚಂದ್ರನ ಪ್ರಸ್ತಾಪ ಬರುವ ಕಡೆ ಆರು ಶಬ್ದಗಳು ಒಂದೇ ಸಾಲಿನಲ್ಲಿ ಕೂತಿವೆ: ಕಲಂಕ, ಅಂಕ, ಲಾಂಛನ, ಚಿಹ್ನ, ಲಕ್ಷ್ಮ, ಲಕ್ಷಣ. ಚಂದ್ರನ ಮೈಮೇಲಿನ ಆ ಕಪ್ಪನ್ನು ಮೊಲವೆಂದು ಕಂಡವರು ಅವನನ್ನು ಶಶಲಾಂಛನ ಎಂದರು, ಜಿಂಕೆಯೆಂದು ಕಂಡವರು ಮೃಗಲಾಂಛನ ಎಂದರು. ಕಪ್ಪು ಒಂದೇ. ಅದು ಕೊರತೆಯೂ ಹೌದು, ಗುರುತೂ ಹೌದು. ಮುಂದೆ ಭಾಷೆಗಳು ಪಾಲು ಮಾಡಿಕೊಂಡವು. ಮರಾಠಿ ಲಾಂಛನವನ್ನು ಕೊರತೆಯ ಕಡೆಗೆ ಎಳೆಯಿತು. ಕನ್ನಡ ಕೊರತೆಯನ್ನೆಲ್ಲ ಕಳಂಕಕ್ಕೆ ವಹಿಸಿ, ಲಾಂಛನವನ್ನು ಚೊಕ್ಕವಾಗಿ ಉಳಿಸಿಕೊಂಡಿತು. ಉಳಿದವೂ ಸುಮ್ಮನೆ ಕೂರಲಿಲ್ಲ. ಅಂಕದಿಂದ ವಚನಕಾರರ, ದಾಸರ ‘ಅಂಕಿತ’ ಬಂತು. ಲಕ್ಷಣವಂತೂ ‘ಹುಡುಗಿ ಲಕ್ಷಣವಾಗಿದ್ದಾಳೆ’ ಎನ್ನುವ ಮಟ್ಟಿಗೆ ಮನೆಮಾತಾಯಿತು.

ಯುರೋಪಿನಲ್ಲಿ ಗುರುತು ಓದುವ ಈ ವಿದ್ಯೆಯ ಹೆಸರು ಹುಟ್ಟಿದ್ದು ವೈದ್ಯರ ಕೈಯಲ್ಲಿ. ಗ್ರೀಕರ ‘ಸೇಮೆಯಾನ್’ ಎಂದರೆ ಗುರುತು. ರೋಗಿಯ ಮೈಮೇಲಿನ ಗುರುತು ನೋಡಿ ಒಳಗಿನ ಕಾಯಿಲೆ ಹೇಳುವುದು ಸೆಮಿಯಾಟಿಕ್ಸ್‌ನ ಮೊದಲ ಅರ್ಥ. ಮಾತು, ಉಡುಪು, ಚಿತ್ರ ಎಲ್ಲವನ್ನೂ ಅದರೊಳಗೆ ತಂದದ್ದು ಬಹಳ ಈಚೆಗೆ, ಸಸ್ಯೂರ್ ಮತ್ತು ಪರ್ಸ್ ಎಂಬ ಇಬ್ಬರು ವಿದ್ವಾಂಸರ ಕಾಲದಿಂದ. ಕನ್ನಡದ ತರಗತಿಗಳಲ್ಲಿ ಅದು ಸಂಜ್ಞಾಶಾಸ್ತ್ರ, ಚಿಹ್ನಶಾಸ್ತ್ರ, ಸಂಕೇತವಿಜ್ಞಾನ ಎಂದೆಲ್ಲ ಕರೆಸಿಕೊಂಡಿದೆ. ಇವುಗಳಿಗಿಂತ ಹಳೆಯದೂ ಹದವಾದದ್ದೂ ಆದ ಮಾತು ಕನ್ನಡದಲ್ಲೇ ಇತ್ತು. ವೈದ್ಯರು ನೋಡುವುದು ರೋಗಲಕ್ಷಣ, ಶಿಲ್ಪಿ ಕಲಿಯುವುದು ಪ್ರತಿಮಾಲಕ್ಷಣ. ಗ್ರೀಕರ ಮಾತು ನಡೆದ ದಾರಿಯನ್ನೇ ‘ಲಕ್ಷಣ’ ತನ್ನಷ್ಟಕ್ಕೆ ತಾನು ನಡೆದಿತ್ತು.

ಕನ್ನಡ ಲಾಂಛನವನ್ನು ಯಾಕಿಷ್ಟು ಎತ್ತಿ ಹಿಡಿಯಿತು ಎಂಬುದಕ್ಕೆ ಕಾರಣಗಳು ಈ ನೆಲದ ಚರಿತ್ರೆಯಲ್ಲಿವೆ. ಬಾದಾಮಿ ಚಾಲುಕ್ಯರದು ವರಾಹಲಾಂಛನ. ಹಂದಿಯ ಆ ಗುರುತು ನಾಣ್ಯಕ್ಕೆ ಅಂಟಿತು, ಕೊನೆಗೆ ನಾಣ್ಯದ ಹೆಸರೇ ವರಹ ಎಂದಾಯಿತು. ಗುರುತು ಹೋಗಿ ವಿಜಯನಗರದ ಅರಸರು ದೇವ-ದೇವಿಯರ ಚಿತ್ರ ಹಾಕಿಸಿದ ಮೇಲೂ ಜನ ಲೆಕ್ಕ ಹಾಕಿದ್ದು ವರಹದಲ್ಲೇ. ಕದಂಬರಿಗೆ ಸಿಂಹ, ರಾಷ್ಟ್ರಕೂಟರಿಗೆ ಗರುಡ. ಅರಮನೆಯಿಂದ ಇಳಿದು ಬಂದ ಈ ಮಾತಿಗೆ ಶರಣರ ಕಾಲದಲ್ಲಿ ಇನ್ನೊಂದು ಹೊಳಪು ಬಂತು. ವಿಭೂತಿ, ರುದ್ರಾಕ್ಷಿ ಧರಿಸಿದವನು ಲಾಂಛನಧಾರಿ. ಅವನು ಬಾಗಿಲಿಗೆ ಬಂದರೆ ಕುಲ ಕೇಳದೆ ಎದ್ದು ನಿಲ್ಲಬೇಕು. ಲಾಂಛನ ಹೊತ್ತು ನಡತೆ ಬಿಟ್ಟವರನ್ನು ವಚನಕಾರರು ಕಟುವಾಗಿ ಜಾಡಿಸಿದರು ನಿಜ. ಆದರೆ ಬೈಗುಳ ಬಿದ್ದದ್ದು ಹೊತ್ತವರಿಗೆ, ಆ ಮಾತಿಗೆ ಮಸಿ ಹತ್ತಲಿಲ್ಲ.

ಇನ್ನು ನಾಸಿಕ್‌ನ ಬೆಟ್ಟಕ್ಕೆ ಬರೋಣ. ಊರಿನ ದಕ್ಷಿಣಕ್ಕಿರುವ 24 ಗುಹೆಗಳ ಸಾಲನ್ನು ಜನ ಪಾಂಡವಲೇಣಿ ಎನ್ನುತ್ತಾರೆ. ಪಾಂಡವರು ಇಲ್ಲಿರಲಿಲ್ಲ. ಇವು ಬೌದ್ಧ ಭಿಕ್ಷುಗಳ ನೆಲೆ, ಬೆಟ್ಟದ ಹಳೆಯ ಹೆಸರು ತ್ರಿರಶ್ಮಿ. ಆದರೆ ಹೆಸರಿನ ಅರ್ಧ ಮಾತ್ರ ಹೊಸದು. ‘ಲೇಣಿ’ ಎಂಬುದು ಈ ಗುಹೆಗಳ ಶಾಸನಗಳಲ್ಲೇ ಇರುವ ಪ್ರಾಕೃತದ ‘ಲೇಣ’. ಸುಮಾರು ಎರಡು ಸಾವಿರ ವರ್ಷ ಬಾಯಿಂದ ಬಾಯಿಗೆ ಬಂದ ಮಾತಿನ ಮೇಲೆ ಪಾಂಡವರ ಠಸ್ಸೆ ಆಮೇಲೆ ಬಿದ್ದದ್ದು.

10ನೆಯ ಗುಹೆ ನಹಪಾನನ ಅಳಿಯ ಉಷವದಾತನದು. ಅವನು ಇಟ್ಟ ದತ್ತಿಯ ಲೆಕ್ಕ ಗೋಡೆಯ ಮೇಲಿದೆ. 3,000 ಕಾರ್ಷಾಪಣ ನಾಣ್ಯ, ಅದರಲ್ಲಿ 2,000 ಒಂದು ನೇಕಾರರ ಶ್ರೇಣಿಯಲ್ಲಿ, ಅಂದರೆ ಕಸುಬುದಾರರ ಸಂಘದಲ್ಲಿ, ತಿಂಗಳಿಗೆ ನೂರಕ್ಕೆ ಒಂದರ ಬಡ್ಡಿಗೆ, ಉಳಿದ 1,000 ಇನ್ನೊಂದು ಶ್ರೇಣಿಯಲ್ಲಿ ಮುಕ್ಕಾಲರ ಬಡ್ಡಿಗೆ. ಅಸಲು ಮುಟ್ಟುವಂತಿಲ್ಲ, ಬಡ್ಡಿಯಲ್ಲಿ ಭಿಕ್ಷುಗಳಿಗೆ ಬಟ್ಟೆ, ಕೈಖರ್ಚು. ಅಲ್ಲಿಂದ ಕೆಲವು ಹೆಜ್ಜೆ ನಡೆದರೆ 3ನೆಯ ಗುಹೆ. ಅದು ಗೆದ್ದ ವಂಶದ್ದು. ಗೌತಮೀಪುತ್ರನ ತಾಯಿ ಗೌತಮೀ ಬಲಶ್ರೀ ಅಲ್ಲಿ ಮಗನ ಗುಣಗಾನ ಕೆತ್ತಿಸಿದ್ದಾಳೆ. ಕ್ಷಹರಾತರ ವಂಶವನ್ನು ಉಳಿಯದಂತೆ ಮಾಡಿದವನು ಎಂಬುದೂ ಅದರಲ್ಲಿದೆ. ಅದೇ ಗುಹೆಯಲ್ಲಿ ಗೌತಮೀಪುತ್ರನ 18ನೆಯ ಆಳ್ವಿಕೆ ವರ್ಷದ ಇನ್ನೊಂದು ಶಾಸನವಿದೆ. ಅವನು ಭಿಕ್ಷುಗಳಿಗೆ ಕೊಟ್ಟ 200 ನಿವರ್ತನ ಅಳತೆಯ ಹೊಲ ಹಿಂದೆ ಉಷವದಾತನದಾಗಿತ್ತು ಎಂದು ಅದು ಬಿಚ್ಚಿ ಹೇಳುತ್ತದೆ. ಜೋಗಲ್‌ಟೆಂಭಿಯ ಬೆಳ್ಳಿಗೆ ಆದದ್ದೇ ಹೊಲಕ್ಕೂ ಆಯಿತು. ಹಳೆಯ ಒಡೆಯನ ಹೆಸರು ಅಳಿಸದೆ, ಅದರ ಮೇಲೆ ಹೊಸ ಒಡೆಯನ ಹೆಸರು.

ಆ ನಿಧಿಯ ನಾಣ್ಯಗಳ ಗುರುತುಗಳಿಗೆ ಸಂಶೋಧಕರು ಇಟ್ಟ ಹೆಸರುಗಳೂ ಹಾಗೆಯೇ ಪದರ ಪದರ. ಮೂರು ಕಮಾನನ್ನು ಬೌದ್ಧರ ಚೈತ್ಯವೆಂದು ಓದಿದವರಿದ್ದರು, ಬೆಟ್ಟವೆಂದು ತಿದ್ದಿದವರು ಬಂದರು. ಗುಂಡುಗಳ ಕೂಡುಗೆರೆಗೆ ‘ಉಜ್ಜಯಿನಿ ಚಿಹ್ನೆ’ ಎಂಬ ಹೆಸರು ಬಿದ್ದದ್ದು ಉಜ್ಜಯಿನಿಯ ನಾಣ್ಯಗಳ ಮೇಲೆ ಅದು ಹೆಚ್ಚಾಗಿ ಕಂಡದ್ದರಿಂದ. ಇಂಥ ಕೆಲಸಕ್ಕೆಂದೇ ನಾಸಿಕ್–ತ್ರ್ಯಂಬಕ ರಸ್ತೆಯ ಅಂಜನೇರಿಯಲ್ಲಿ 1980ರಲ್ಲಿ ನಾಣ್ಯಶಾಸ್ತ್ರ ಸಂಶೋಧನಾ ಸಂಸ್ಥೆಯೊಂದು ಹುಟ್ಟಿತು. ಅದನ್ನು ಕಟ್ಟಿದ ಪಿ.ಎಲ್. ಗುಪ್ತ ಅವರು ಹಾರ್ಡೇಕರ್ ಎಂಬ ಇನ್ನೊಬ್ಬ ವಿದ್ವಾಂಸರ ಜೊತೆಗೂಡಿ ಮಗಧ–ಮೌರ್ಯರ ಬೆಳ್ಳಿ ಕಾರ್ಷಾಪಣಗಳನ್ನು ಅವುಗಳ ಮೇಲಿನ ಐದೈದು ಮುದ್ರೆಗಳ ಜೋಡಣೆಯಿಂದಲೇ ವಿಂಗಡಿಸಿ 1985ರಲ್ಲಿ ಪುಸ್ತಕ ತಂದರು. ರಾಜನ ಹೆಸರಿಲ್ಲದ ಆ ನಾಣ್ಯಗಳಿಗೆ ಸೂರ್ಯ, ಮರ, ಆನೆ, ಗೂಳಿಗಳೇ ಅಕ್ಷರಮಾಲೆ.

ಗುರುತು ಓದುವ ವಿದ್ಯೆ ಎಷ್ಟು ಸಲ ಎಡವಿದೆ ಎಂಬುದನ್ನು ಕಣ್ಣಾರೆ ನೋಡಬೇಕಾದರೆ ಛತ್ರಪತಿ ಸಂಭಾಜಿನಗರದ ಕಡೆ ಹೋಗಬೇಕು. ಎಲ್ಲೋರದ 34 ಗುಹೆಗಳಲ್ಲಿ ಕೊನೆಯ ಐದು ಜೈನರವು. ಇವುಗಳಲ್ಲಿ ಹೆಚ್ಚಿನ ಕೆಲಸ ನಡೆದದ್ದು ಮಾನ್ಯಖೇಟದಿಂದ ರಾಷ್ಟ್ರಕೂಟರು ಆಳುತ್ತಿದ್ದ 9ನೆಯ ಶತಮಾನದಲ್ಲಿ. ಇದೇ ವಂಶದ ಮೊದಲನೆಯ ಕೃಷ್ಣ ಅದಕ್ಕೂ ಮುಂಚೆ ಅಲ್ಲಿನ ಕೈಲಾಸ ದೇವಾಲಯವನ್ನು ಕಡೆಸಿದ್ದ. 32ನೆಯ ಗುಹೆಯ ಮೇಲಂತಸ್ತಿನಲ್ಲಿ ಆನೆಯ ಮೇಲೆ ಕುಳಿತ ಸ್ಥೂಲಕಾಯನೊಬ್ಬ, ಎದುರಿನ ತುದಿಯಲ್ಲಿ ಸಿಂಹದ ಮೇಲೆ ಕುಳಿತ ಹೆಂಗಸು. ಆನೆ ಕಂಡ ಕೂಡಲೇ ಇಂದ್ರ ಎಂದರು, ಹೆಂಗಸನ್ನು ಇಂದ್ರಾಣಿ ಎಂದರು, ಗುಹೆಗೆ ಇಂದ್ರಸಭೆ ಎಂಬ ಹೆಸರು ನಿಂತಿತು. ಆದರೆ ಹೆಂಗಸಿನ ತಲೆಯ ಮೇಲೆ ಹರಡಿರುವುದು ಮಾವಿನ ಮರ, ತೊಡೆಯ ಮೇಲೆ ಮಗು. ಶ್ರವಣಬೆಳಗೊಳ ಕಂಡವರಿಗೆ ಇವಳು ಹೊಸಬಳಲ್ಲ: ನೇಮಿನಾಥನ ಯಕ್ಷಿ ಅಂಬಿಕೆ, ಕನ್ನಡ ಜೈನರ ಕೂಷ್ಮಾಂಡಿನಿ. ಆನೆಯವನು ಸರ್ವಾನುಭೂತಿ ಯಕ್ಷ. ಓದು ತಿದ್ದಿಯಾಯಿತು, ಹೆಸರು ಮಾತ್ರ ಇಂದ್ರಸಭೆಯಾಗಿಯೇ ಉಳಿಯಿತು.

‘ಲಾಂಛನ’ ತನ್ನ ಖಚಿತ ಅರ್ಥದಲ್ಲಿ ಕೆಲಸ ಮಾಡುವುದು ಇಲ್ಲೇ. 24 ತೀರ್ಥಂಕರರ ಮುಖ, ನಿಲುವು, ಧ್ಯಾನ ಎಲ್ಲವೂ ಒಂದೇ ಅಚ್ಚಿನವು. ಯಾರು ಯಾರೆಂದು ಹೇಳುವುದು ಪೀಠದಲ್ಲಿ ಕೊರೆದ ಪುಟ್ಟ ಗುರುತು. ವೃಷಭನಿಗೆ ಗೂಳಿ, ಶಾಂತಿನಾಥನಿಗೆ ಜಿಂಕೆ, ಮಹಾವೀರನಿಗೆ ಸಿಂಹ. ಮರಾಠಿ ಜೈನರೂ ಇದನ್ನು ಲಾಂಛನ ಎಂದೇ ಕರೆಯುತ್ತಾರೆ; ಬೀದಿಯಲ್ಲಿ ಮಸಿ ಹತ್ತಿದ ಮಾತು ಬಸದಿಯೊಳಗೆ ಹಳೆಯ ಮರ್ಯಾದೆಯಲ್ಲೇ ಉಳಿದಿದೆ. ಆದರೆ ಎಲ್ಲೋರದಲ್ಲಿ ಈ ಗುರುತಿನ ಕಟ್ಟಳೆ ಇನ್ನೂ ಪೂರ್ತಿ ನೆಲೆಗೊಂಡಿರಲಿಲ್ಲ. ಪೀಠದಲ್ಲಿ ಸಿಂಹ ಕಂಡಿತೆಂದು ಮಹಾವೀರನೆನ್ನುವಂತಿಲ್ಲ, ಜಿನನ ಆಸನವೇ ಸಿಂಹಾಸನವಾದ್ದರಿಂದ ಸಿಂಹ ಯಾರ ಕೆಳಗೂ ಇರಬಹುದು. ಅನುಮಾನವಿಲ್ಲದೆ ಗುರುತು ಸಿಗುವವನು ಹಾವಿನ ಹೆಡೆಯ ಪಾರ್ಶ್ವನಾಥ. ಅವನಿಗೆ ಜೋಡಿಯಾಗಿ, ಎದುರು ಗೋಡೆಯಲ್ಲಿ, ಕಾಲಿಗೆ ತೋಳಿಗೆ ಬಳ್ಳಿ ಸುತ್ತಿಕೊಂಡ ಬಾಹುಬಲಿ. ಅವನು ತೀರ್ಥಂಕರನಲ್ಲ, ಅವನಿಗೆ ಲಾಂಛನವೂ ಇಲ್ಲ. ಬಳ್ಳಿಯೇ ಗುರುತು.

ಇದೇ ಜಿಲ್ಲೆಯ ಅಜಂತಾದಲ್ಲಿ ಇನ್ನೊಂದು ಎಡವಟ್ಟು ನಡೆದಿತ್ತು. 17ನೆಯ ಗುಹೆಯ ಪಡಸಾಲೆಯ ಗೋಡೆಯಲ್ಲಿ ಅರೆಗಳಾಗಿ ಭಾಗವಾದ ದೊಡ್ಡ ಚಕ್ರದ ಚಿತ್ರವಿದೆ, ಬಹುಪಾಲು ಉದುರಿಹೋಗಿದೆ. 19ನೆಯ ಶತಮಾನದಲ್ಲಿ ನೋಡಿದವರು ರಾಶಿಚಕ್ರವೆಂದು ತಿಳಿದು, ಗುಹೆಯನ್ನೇ ರಾಶಿಚಕ್ರದ ಗುಹೆ ಎಂದರು. 1890ರ ದಶಕದಲ್ಲಿ ಎಲ್.ಎ. ವಾಡೆಲ್ ಅದನ್ನು ಸರಿಯಾಗಿ ಓದಿದ. ಹಿಮಾಲಯದ ಬೌದ್ಧ ಮಠಗಳನ್ನು ಅವನು ಬಲ್ಲ. ಅಲ್ಲಿ ಬಾಗಿಲ ಪಕ್ಕದ ಗೋಡೆಯಲ್ಲಿ ಇಂಥದೇ ಚಕ್ರ ಬರೆದಿರುತ್ತಾರೆ: ಹುಟ್ಟು, ಸಾವು, ಮರುಹುಟ್ಟುಗಳ ಭವಚಕ್ರ. ಪುಸ್ತಕ ಓದಿದವರಿಗೆ ಕಾಣದ್ದು, ಆ ಚಿತ್ರ ಇನ್ನೂ ಬದುಕಿರುವ ಊರನ್ನು ಕಂಡವನಿಗೆ ಕಂಡಿತು.

ಮತ್ತೆ ಇಂದ್ರಸಭೆಗೆ. ಅಲ್ಲಿನ ಒಂದು ವಿಗ್ರಹದಡಿ ಚಿಕ್ಕ ಬರಹವಿದೆ: ಸೋಹಿಲ ಎಂಬ ಬ್ರಹ್ಮಚಾರಿ ಮಾಡಿಸಿದ ಶಾಂತಿಭಟ್ಟಾರಕನ ಪ್ರತಿಮೆ ಇದು. ಇನ್ನೊಂದರಲ್ಲಿ ನಾಗವರ್ಮನ ಹೆಸರು. ನೋಡುವವರು ಗೊಂದಲಪಡಬಾರದೆಂದೋ, ತನ್ನ ದೇವರು ತನ್ನ ಹೆಸರಿನೊಂದಿಗೇ ಇರಲೆಂದೋ, ಸೋಹಿಲ ಗುರುತನ್ನಷ್ಟೇ ನೆಚ್ಚಿಕೊಳ್ಳದೆ ಅಕ್ಷರ ಬರೆಸಿದ. ಆ ನಾಲ್ಕು ಪದಗಳಿಂದ ವಿಗ್ರಹದ ಹೆಸರು ಇಂದಿಗೂ ಗಟ್ಟಿ. ಮೇಲಿನ ಚಾರಣಾದ್ರಿ ಬೆಟ್ಟದ ಪಾರ್ಶ್ವನಾಥನ ದೊಡ್ಡ ವಿಗ್ರಹಕ್ಕಂತೂ ತಿಥಿಯೇ ಇದೆ: ಶಕ 1156, ಕ್ರಿ.ಶ. 1235ರ ಆಸುಪಾಸು, ಮಾಡಿಸಿದವನು ಚಕ್ರೇಶ್ವರ. ಆಗ ಹತ್ತಿರದ ದೇವಗಿರಿಯಲ್ಲಿ ಸೇವುಣ ವಂಶದ ದೊರೆ ಸಿಂಘಣ ಆಳುತ್ತಿದ್ದ. ರಾಷ್ಟ್ರಕೂಟರ ಗರುಡ ಈ ಸೇವುಣರ ತಾಮ್ರಪಟಗಳ ಮುದ್ರೆಗೂ ಬಂದು ಕೂತಿತ್ತು. ಅವರ ಪದ್ಮಟಂಕ ಎಂಬ ಚಿನ್ನದ ನಾಣ್ಯಗಳ ನಡುವೆ ತಾವರೆ. ಈ ದೊರೆಗಳ ಚರಿತ್ರೆಯನ್ನು ಹರವಿಟ್ಟವರಲ್ಲಿ ಇಬ್ಬರು ಕನ್ನಡಿಗರು, ಎ.ವಿ. ನರಸಿಂಹಮೂರ್ತಿ ಮತ್ತು ಶ್ರೀನಿವಾಸ ರಿತ್ತಿ.

ನಾಸಿಕ್‌ನಲ್ಲಿ ಠಸ್ಸೆ ಒತ್ತುವ ಕೆಲಸ ನಿಂತಿಲ್ಲ. ನಾಸಿಕ್ ರೋಡ್‌ನಲ್ಲಿ 1920ರ ದಶಕದಲ್ಲಿ ಸರ್ಕಾರಿ ಮುದ್ರಣಾಲಯಗಳು ಶುರುವಾದವು, ಅಂಚೆಚೀಟಿಗೊಂದು, ನೋಟಿಗೊಂದು. ದೇಶದ ನೋಟುಗಳು ಈಗ ಅಲ್ಲಿಯೂ ಮೈಸೂರಿನಲ್ಲಿಯೂ ಅಚ್ಚಾಗುತ್ತವೆ. 2019ರಲ್ಲಿ ಬಂದ ಹಸಿರು ಮಿಶ್ರಿತ ಹಳದಿ ಬಣ್ಣದ 20 ರೂಪಾಯಿ ನೋಟನ್ನು ಮಗುಚಿದರೆ ಎಲ್ಲೋರದ ಚಿತ್ರ. ಪಕ್ಕದ ಭಾಷೆಗಳ ಪಟ್ಟಿಯಲ್ಲಿ ಮೇಲಿಂದ ನಾಲ್ಕನೆಯದು ಕನ್ನಡ, ಕೆಲವು ಸಾಲು ಕೆಳಗೆ ಮರಾಠಿ. ಮುಂಬದಿಯ ಬಲಕ್ಕೆ ಸಾರನಾಥದ ಸಿಂಹಗಳು. ಬೆಂಗಳೂರಿನಲ್ಲಿ ಅದು ರಾಷ್ಟ್ರಲಾಂಛನ, ನಾಸಿಕ್‌ನಲ್ಲಿ ರಾಜಮುದ್ರಾ.