ಮನೆಸಾಲದ ಲೆಕ್ಕ ಯಾರ ಕೈಯಲ್ಲಿತ್ತು? ದಾಮ್‌ದುಪ್ಪಟ್‌ನಿಂದ ಇಎಂಐವರೆಗೆ

10 ಲಕ್ಷ ರೂಪಾಯಿ ಮನೆಸಾಲ. ಬಡ್ಡಿ ವರ್ಷಕ್ಕೆ ಶೇ. 9. ಅವಧಿ 20 ವರ್ಷ. ತಿಂಗಳ ಕಂತು 8,997 ರೂಪಾಯಿ.

ಕಂತು ಎಷ್ಟು ಎಂದು ಕೇಳಿದರೆ ಸಾಲ ಮಾಡಿದ ಯಾರಾದರೂ ಥಟ್ಟನೆ ಹೇಳುತ್ತಾರೆ. ಒಟ್ಟು ಎಷ್ಟು ಕಟ್ಟುತ್ತೀರಿ ಎಂದರೆ ಸ್ವಲ್ಪ ಹೊತ್ತು ಸುಮ್ಮನಾಗುತ್ತಾರೆ. ಈಗಲೇ ಮೊಬೈಲಿನಲ್ಲಿ 8,997ನ್ನು 240 ತಿಂಗಳಿಂದ ಗುಣಿಸಿ ನೋಡಿ. 21 ಲಕ್ಷ 59 ಸಾವಿರ. ತಂದದ್ದು 10 ಲಕ್ಷ, ಬಡ್ಡಿಯೇ 11 ಲಕ್ಷ 59 ಸಾವಿರ.

ಬಡ್ಡಿ ಅಸಲನ್ನು ಮೀರಿತು. ಹೀಗೆ ಮೀರಬಾರದು ಎಂಬ ನಿಯಮವೊಂದು ಈ ನೆಲದಲ್ಲಿ ಬಹಳ ಹಿಂದೆಯೇ ಇತ್ತು. ಅದರ ಹೆಸರು ದಾಮ್‌ದುಪ್ಪಟ್. ಹೆಸರಲ್ಲೇ ದುಪ್ಪಟ್ಟು ಇದೆ. ಸಾಲ ಕೊಟ್ಟವನು ಒಂದು ಸಲಕ್ಕೆ ಅಸಲು ಮತ್ತು ಬಡ್ಡಿ ಸೇರಿ ಕೊಟ್ಟ ಹಣದ ಎರಡರಷ್ಟಕ್ಕಿಂತ ಹೆಚ್ಚು ವಸೂಲು ಮಾಡುವಂತಿಲ್ಲ ಎಂಬುದು ಅದರ ತಿರುಳು. ಆ ನಿಯಮ ಏನಾಯಿತು, ಅದರ ಜಾಗಕ್ಕೆ ಏನು ಬಂತು ಎಂದು ಹುಡುಕುತ್ತ ಹೋದರೆ ನಮ್ಮ ಕೈಯಲ್ಲಿರುವ ಮನೆಸಾಲದ ಪತ್ರ ಸ್ವಲ್ಪ ಚೆನ್ನಾಗಿ ಅರ್ಥವಾಗುತ್ತದೆ.

ಇದು ಬರೀ ಕಾಶಿಯ ಪಂಡಿತರ ಕಥೆಯಲ್ಲ. ಹಿಂದೂ ಕಾನೂನಿನಲ್ಲಿ ಇಂದಿಗೂ ಹೆಸರು ಕೇಳಿಬರುವ ಮಿತಾಕ್ಷರ ಗ್ರಂಥ ಹುಟ್ಟಿದ್ದು ನಮ್ಮ ಬೀದರ್ ಜಿಲ್ಲೆಯ ಬಸವಕಲ್ಯಾಣದಲ್ಲಿ. ಕಲ್ಯಾಣ ಚಾಲುಕ್ಯರ ಆರನೇ ವಿಕ್ರಮಾದಿತ್ಯನ ಕಾಲದಲ್ಲಿ ವಿಜ್ಞಾನೇಶ್ವರ ಅದನ್ನು ಬರೆದ. ಯಾಜ್ಞವಲ್ಕ್ಯ ಸ್ಮೃತಿಗೆ ಅದು ವ್ಯಾಖ್ಯಾನ. ಆ ಸ್ಮೃತಿಯಲ್ಲಿ ಸಾಲಕ್ಕೆಂದೇ ಒಂದು ಭಾಗವಿದೆ. ಒತ್ತೆ ಇಟ್ಟ ಸಾಲಕ್ಕೆ ತಿಂಗಳಿಗೆ ಅಸಲಿನ 80ರಲ್ಲಿ ಒಂದು ಪಾಲು ಬಡ್ಡಿ. ಲೆಕ್ಕ ಹಾಕಿದರೆ ವರ್ಷಕ್ಕೆ ಶೇ. 15. ಒತ್ತೆ ಇಲ್ಲದಿದ್ದರೆ ಜಾತಿ ನೋಡಿ ದರ: ಬ್ರಾಹ್ಮಣನಿಗೆ ತಿಂಗಳಿಗೆ ನೂರಕ್ಕೆ 2, ಇಳಿಯುತ್ತ ಬಂದು ಶೂದ್ರನಿಗೆ 5. ಹಳೆಯದೆಲ್ಲ ನ್ಯಾಯವಾಗಿತ್ತು ಎನ್ನುವವರು ಈ ಸಾಲನ್ನೂ ಓದಬೇಕು.

ಒತ್ತೆಯಲ್ಲಿ ಎರಡು ಬಗೆ ಹೇಳಿದ್ದಾರೆ. ಒಂದು, ಸಾಹುಕಾರ ಸುಮ್ಮನೆ ಜೋಪಾನವಾಗಿ ಇಟ್ಟುಕೊಳ್ಳುವ ಒತ್ತೆ. ಸಾಲ ದುಪ್ಪಟ್ಟಾದರೂ ಬಿಡಿಸಿಕೊಳ್ಳದಿದ್ದರೆ ಅದು ಕೈಬಿಟ್ಟು ಹೋಗುತ್ತದೆ. ಇನ್ನೊಂದು, ಸಾಹುಕಾರ ಅನುಭವಿಸುವ ಒತ್ತೆ, ಅಂದರೆ ಹೊಲದ ಫಸಲು ಅಥವಾ ಮನೆಯ ವಾಸ. ಅದು ಎಂದಿಗೂ ಕೈಬಿಟ್ಟು ಹೋಗದು. ಈ ಎರಡನೆಯದೇ ನಾವು ಇಂದಿಗೂ ಬಾಯಲ್ಲಿ ಆಡುವ ‘ಭೋಗ್ಯ’. ಮನೆಯನ್ನು ಭೋಗ್ಯಕ್ಕೆ ಹಾಕಿದವರು ಬಡ್ಡಿ ಕಟ್ಟುವುದಿಲ್ಲ. ಹಾಗಂತ ಸಾಲ ಪುಕ್ಕಟೆ ಅಲ್ಲ. ಅಷ್ಟು ವರ್ಷ ಆ ಮನೆಯಲ್ಲಿ ಇರಲಾಗದ್ದೇ, ಬರಬೇಕಿದ್ದ ಬಾಡಿಗೆ ಬಾರದ್ದೇ ಬಡ್ಡಿ. ಆದರೆ ಆ ಬೆಲೆ ಕಣ್ಣಿಗೆ ಕಾಣುತ್ತಿತ್ತು. ಬಾಗಿಲಲ್ಲಿ ಬೇರೆಯವರ ಚಪ್ಪಲಿ ಇರುತ್ತಿತ್ತು.

ದಾಮ್‌ದುಪ್ಪಟ್ ನಿಯಮ ಬ್ರಿಟಿಷರ ಕಾಲದಲ್ಲೂ ಮುಂಬೈ ಪ್ರಾಂತದ ನ್ಯಾಯಾಲಯಗಳಲ್ಲಿ ಉಳಿದಿತ್ತು. ಧಾರವಾಡ, ಬೆಳಗಾವಿ, ವಿಜಯಪುರದ ಕಡೆಯ ನಮ್ಮ ಹಳ್ಳಿಗಳು ಆಗ ಆ ಪ್ರಾಂತದಲ್ಲೇ ಇದ್ದವು. ಹಾಗಾದರೆ ರೈತರು ಸುಖವಾಗಿದ್ದರೇ? ಇಲ್ಲ. ನಿಯಮದಲ್ಲೇ ಒಂದು ಕಿಂಡಿ ಇತ್ತು. ಅಸಲಿಗಿಂತ ಹೆಚ್ಚಾಗಬಾರದ್ದು ಒಂದು ಸಲಕ್ಕೆ ಬಾಕಿ ಉಳಿದ ಬಡ್ಡಿ ಮಾತ್ರ. ಆಗಾಗ ಕಟ್ಟುತ್ತ ಬಂದ ಬಡ್ಡಿ ಲೆಕ್ಕಕ್ಕೆ ಬರುತ್ತಿರಲಿಲ್ಲ. ಇನ್ನು ಬಾಕಿ ಬಡ್ಡಿಯನ್ನು ಸೇರಿಸಿ ಹೊಸ ಪತ್ರ ಬರೆಸಿಕೊಂಡರೆ ಆ ಬಡ್ಡಿಯೂ ಅಸಲೇ ಆಗಿಬಿಡುತ್ತಿತ್ತು.

ಆ ಕಿಂಡಿಯನ್ನು ಹೆಬ್ಬಾಗಿಲು ಮಾಡಿದ್ದು 1859ರ ಕಾಲಮಿತಿ ಕಾಯ್ದೆ. ಸಾಲಪತ್ರಕ್ಕೆ ಮೂರೇ ವರ್ಷ ಬೆಲೆ ಎಂದಿತು ಅದು. ಬಡ್ಡಿ ಬೆಳೆಯದಿರಲಿ ಎಂಬುದು ಉದ್ದೇಶ. ಆದದ್ದು ಉಲ್ಟಾ. ಮೂರು ವರ್ಷ ತುಂಬುತ್ತಲೇ ಸಾಹುಕಾರರು ಹೊಸ ಪತ್ರಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳತೊಡಗಿದರು. ನಾವೇ ಒಂದು ಲೆಕ್ಕ ಹಾಕಿ ನೋಡಿದೆವು. 100 ರೂಪಾಯಿ ಸಾಲ, ನೂರಕ್ಕೆ ತಿಂಗಳಿಗೆ 2 ರೂಪಾಯಿ ಬಡ್ಡಿ ಎಂದುಕೊಳ್ಳಿ. ಏನೂ ಕಟ್ಟದಿದ್ದರೆ ಮೂರು ವರ್ಷಕ್ಕೆ 172. ಹೊಸ ಪತ್ರದಲ್ಲಿ 172 ಅಸಲು. ಆರು ವರ್ಷಕ್ಕೆ 296. ಒಂಬತ್ತು ವರ್ಷಕ್ಕೆ 509. ದಾಮ್‌ದುಪ್ಪಟ್ ಹಿಡಿದಿದ್ದರೆ 200ಕ್ಕೆ ನಿಲ್ಲಬೇಕಿತ್ತು. ಯಾವ ಪತ್ರದಲ್ಲೂ ನಿಯಮ ಮುರಿದಿಲ್ಲ, ಆದರೂ ಹೊಲ ಹೋಯಿತು.

ಅಮೆರಿಕದ ಅಂತರ್ಯುದ್ಧದ ಕಾಲದಲ್ಲಿ, ಅಂದರೆ 1861ರಿಂದ 1865ರವರೆಗೆ, ಹತ್ತಿಗೆ ಚಿನ್ನದ ಬೆಲೆ ಬಂತು. ಕೇಳಿದಷ್ಟು ಸಾಲ ಸಿಕ್ಕಿತು. ಯುದ್ಧ ಮುಗಿಯಿತು, ಬೆಲೆ ಬಿತ್ತು, ಕಂದಾಯ ಏರಿತು, ಸಾಹುಕಾರರು ಕೈ ಬಿಗಿಹಿಡಿದರು. 1875ರ ಮೇ 12ರಂದು ಪುಣೆ ಜಿಲ್ಲೆಯ ಸುಪೆ ಎಂಬ ಊರಲ್ಲಿ ರೈತರು ಸಾಹುಕಾರರ ಮನೆ, ಅಂಗಡಿಗಳಿಗೆ ನುಗ್ಗಿದರು. ಅಹಮದ್‌ನಗರದ ಕಡೆಗೂ ಹಬ್ಬಿದ ಈ ದಂಗೆಯನ್ನು ಇತಿಹಾಸದಲ್ಲಿ ಡೆಕ್ಕನ್ ದಂಗೆ ಎನ್ನುತ್ತಾರೆ. ರೈತರು ಮುಖ್ಯವಾಗಿ ಹುಡುಕಿದ್ದು ಹಣವನ್ನಲ್ಲ, ಸಾಲಪತ್ರ ಮತ್ತು ಲೆಕ್ಕದ ಪುಸ್ತಕಗಳನ್ನು. ಸಿಕ್ಕಲ್ಲಿ ಸುಟ್ಟರು.

ಸರ್ಕಾರ ತನಿಖಾ ಆಯೋಗ ನೇಮಿಸಿತು. 1879ರಲ್ಲಿ ಡೆಕ್ಕನ್ ಕೃಷಿಕರ ಪರಿಹಾರ ಕಾಯ್ದೆ ಬಂತು. ಅದರ ಭಾಗಗಳು ಮುಂದೆ ಪ್ರಾಂತದ ಬೇರೆ ಜಿಲ್ಲೆಗಳಿಗೂ ವಿಸ್ತರಿಸಿದವು. ಕಾಯ್ದೆ ಎರಡು ದೊಡ್ಡ ಕೆಲಸ ಮಾಡಿತು. ಪತ್ರದಲ್ಲಿ ಏನೇ ಬರೆದಿರಲಿ, ನ್ಯಾಯಾಲಯ ಅದರ ಹಿಂದೆ ಹೋಗಿ ಮೊದಲು ಕೈಗೆ ಬಂದ ಹಣ ಎಷ್ಟು, ಎಷ್ಟು ಕಟ್ಟಿದ್ದಾನೆ ಎಂದು ಲೆಕ್ಕವನ್ನು ಮೊದಲಿಂದ ಮಾಡಬಹುದು. ಅಸಲು ಬೇರೆ, ಬಡ್ಡಿ ಬೇರೆ ಬರೆಯಬೇಕು, ಬಡ್ಡಿಯನ್ನು ಅಸಲಿಗೆ ಸೇರಿಸುವಂತಿಲ್ಲ. ಎರಡನೆಯದು ಇನ್ನೂ ಸರಳ: ಕಟ್ಟಿದ ಹಣಕ್ಕೆ ರಸೀದಿ, ವರ್ಷಕ್ಕೊಮ್ಮೆ ಲೆಕ್ಕದ ಪಟ್ಟಿ, ಕೇಳಿದರೆ ಪಾಸ್‌ಬುಕ್ ಪಡೆಯುವುದು ರೈತನ ಹಕ್ಕು.

ನಮ್ಮ ಮಟ್ಟಿಗೆ ಈ ಪಾಸ್‌ಬುಕ್ಕೇ ಆ ಕಾಯ್ದೆಯ ದೊಡ್ಡ ವಿಷಯ. ಅಲ್ಲಿಯವರೆಗೆ ಲೆಕ್ಕ ಸಾಹುಕಾರನ ಕೀರ್ದಿಯಲ್ಲಿ ಮಾತ್ರ ಇತ್ತು.

ಆಮೇಲೆ ಸಹಕಾರ ಸಂಘಗಳು ಬಂದವು. 1904ರ ಕಾಯ್ದೆಯ ಮರುವರ್ಷವೇ ಗದಗ ಹತ್ತಿರದ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ಕಟ್ಟಿದ ಸಂಘದ ಕಥೆ ನಿಮಗೆ ಗೊತ್ತೇ ಇದೆ. ದೇವರಾಜ ಅರಸರ ಕಾಲದ 1976ರ ಋಣ ಪರಿಹಾರ ಕಾಯ್ದೆಯನ್ನು ಕಂಡವರು ಇನ್ನೂ ಊರಲ್ಲಿದ್ದಾರೆ. ಆದರೆ ಇವೆಲ್ಲ ಬೇಸಾಯದ, ಹೊಟ್ಟೆಪಾಡಿನ ಸಾಲಗಳು. ಸಂಬಳದಾರರಿಗೆ 15–20 ವರ್ಷಗಳ ಮನೆಸಾಲ ಎಂಬುದು ನಮ್ಮ ದೇಶದಲ್ಲಿ ಜೋರಾದದ್ದು 1977ರಲ್ಲಿ ಹಸ್ಮುಖ್ ಪಾರೇಖ್ ಅವರು ಎಚ್‌ಡಿಎಫ್‌ಸಿ ಆರಂಭಿಸಿದ ಮೇಲೆ. 1988ರಲ್ಲಿ ರಾಷ್ಟ್ರೀಯ ವಸತಿ ಬ್ಯಾಂಕ್ ಬಂತು. ಬ್ಯಾಂಕುಗಳು ನಿಜವಾಗಿ ಮುಗಿಬಿದ್ದದ್ದು ಅದಕ್ಕೂ ಆಮೇಲೆ. ಈಗಂತೂ ಪಂಚಾಯಿತಿಯ ಫಾರಂ 9, 11 ಇದ್ದರೆ ಹಳ್ಳಿ ಮನೆಗೂ ಸಾಲ ಕೊಡುವ ಕಂಪನಿಗಳಿವೆ.

ಇವರೆಲ್ಲ ತಂದದ್ದು ಸಮ ಕಂತು, ಅಂದರೆ ಇಎಂಐ. ಪ್ರತಿ ತಿಂಗಳೂ ಒಂದೇ ಮೊತ್ತ. ನೆಮ್ಮದಿಯ ವ್ಯವಸ್ಥೆ, ನಿಜ. ಆದರೆ ಹೊರಗೆ ಸಮ, ಒಳಗೆ ಸಮವಲ್ಲ. ಪ್ರತಿ ತಿಂಗಳು ಉಳಿದ ಅಸಲಿನ ಮೇಲೆ ಮೊದಲು ಬಡ್ಡಿ ಮುರಿದುಕೊಳ್ಳುತ್ತಾರೆ, ಮಿಕ್ಕಿದ್ದು ಅಸಲಿಗೆ. ಆರಂಭದ ಆ ಸಾಲವನ್ನೇ ನೋಡಿ. ಮೊದಲ ಕಂತಿನ 8,997ರಲ್ಲಿ ಬಡ್ಡಿ 7,500. ಅಸಲಿಗೆ ಹೋದದ್ದು 1,497. ಮೊದಲ ವರ್ಷ 1 ಲಕ್ಷ 8 ಸಾವಿರದಷ್ಟು ಕಟ್ಟಿದರೆ ಅಸಲು ಇಳಿಯುವುದು 18,727 ರೂಪಾಯಿ. ಹತ್ತು ವರ್ಷ ತಪ್ಪದೆ ಕಟ್ಟಿದ ಮೇಲೂ 7 ಲಕ್ಷ 10 ಸಾವಿರ ಬಾಕಿ. ಕಂತಿನ ಅರ್ಧಕ್ಕಿಂತ ಹೆಚ್ಚು ಅಸಲಿಗೆ ಹೋಗತೊಡಗುವುದು 149ನೇ ಕಂತಿನಿಂದ, ಅಂದರೆ ಹನ್ನೆರಡು ವರ್ಷ ದಾಟಿದ ಮೇಲೆ.

ಇದು ಮೋಸವಲ್ಲ. ಉಳಿದ ಹಣಕ್ಕೆ ಬಡ್ಡಿ ಎಂಬ ಸರಳ ನ್ಯಾಯವೇ. ಮೋಸ ಬೇರೆ ಕಡೆ ಇದೆ. ‘ಫ್ಲಾಟ್’ ದರ ಎನ್ನುವವರ ಹತ್ತಿರ ಹುಷಾರಾಗಿರಿ. ಅಲ್ಲಿ ಅಸಲು ತೀರುತ್ತ ಬಂದರೂ ಬಡ್ಡಿ ಮಾತ್ರ ಮೊದಲ ದಿನದ ಪೂರ್ತಿ ಅಸಲಿನ ಮೇಲೆ. 1 ಲಕ್ಷಕ್ಕೆ ಶೇ. 12 ಫ್ಲಾಟ್, 5 ವರ್ಷ ಎಂದರೆ ನಿಜವಾದ ದರ ಶೇ. 20 ದಾಟುತ್ತದೆ.

ಇಷ್ಟರಲ್ಲಿ ಇನ್ನೊಂದು ಬದಲಾವಣೆ ಸದ್ದಿಲ್ಲದೆ ಆಗಿತ್ತು. 1984ರಲ್ಲಿ ಬ್ಯಾಂಕಿಂಗ್ ನಿಯಂತ್ರಣ ಕಾಯ್ದೆಗೆ 21ಎ ಎಂಬ ಕಲಂ ಸೇರಿತು. ಬ್ಯಾಂಕು ಹಾಕಿದ ಬಡ್ಡಿ ದರ ವಿಪರೀತ ಎಂಬ ಕಾರಣಕ್ಕೆ ನ್ಯಾಯಾಲಯ ಆ ಸಾಲದ ವ್ಯವಹಾರವನ್ನು ಮತ್ತೆ ತೆರೆಯುವಂತಿಲ್ಲ ಎನ್ನುತ್ತದೆ ಅದು. 1879ರಲ್ಲಿ ತೆರೆದ ಬಾಗಿಲು ಬ್ಯಾಂಕುಗಳ ಮಟ್ಟಿಗೆ ಮುಚ್ಚಿತು. ದರದ ಮೇಲೆ ಕಣ್ಣಿಡುವುದು ರಿಸರ್ವ್ ಬ್ಯಾಂಕಿನ ಕೆಲಸವಾಯಿತು.

ಆ ದರವೂ ಈಗ ನಿಂತ ನೀರಲ್ಲ. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಬದಲಾಗುವ ದರದ ಮನೆಸಾಲಗಳು ರೆಪೋದಂಥ ಹೊರಗಿನ ದರಕ್ಕೆ ಕಟ್ಟಿಕೊಂಡಿವೆ. 2022ರ ಮೇ ತಿಂಗಳ ಆರಂಭದಲ್ಲಿ ರೆಪೋ ಶೇ. 4 ಇತ್ತು. 2023ರ ಫೆಬ್ರವರಿಗೆ 6.5. ಒಂಬತ್ತೇ ತಿಂಗಳಲ್ಲಿ ಎರಡೂವರೆ ಏರಿತು. ಎಷ್ಟೋ ಜನರ ಕಂತು ಮಾತ್ರ ಏರಲಿಲ್ಲ. ಕಂತು ಹಾಗೇ ಇಟ್ಟು ಅವಧಿ ಹಿಗ್ಗಿಸಿದರು. ಖಾತೆಯಿಂದ ಹೋಗುವ ಹಣ ಅಷ್ಟೇ ಇದ್ದದ್ದರಿಂದ ಹಲವರಿಗೆ ಗೊತ್ತೇ ಆಗಲಿಲ್ಲ.

ಇದರ ಲೆಕ್ಕ ನೋಡಿ. 10 ಲಕ್ಷ, ಶೇ. 7, 20 ವರ್ಷ: ಕಂತು 7,753. ಒಂದು ವರ್ಷ ಕಟ್ಟಿದ ಮೇಲೆ ಉಳಿದ ಅಸಲು 9 ಲಕ್ಷ 76 ಸಾವಿರ. ಆಗ ದರ 9.5 ಆಯಿತು ಎಂದುಕೊಳ್ಳಿ. ತಿಂಗಳ ಬಡ್ಡಿಯೇ 7,728. ಅದೇ ಕಂತು ಕಟ್ಟಿದರೆ ಅಸಲಿಗೆ ಹೋಗುವುದು 25 ರೂಪಾಯಿ. ಒಂದು ಚಹಾ, ಒಂದು ಬನ್ನು. ಇದೇ ಚಾಲಿನಲ್ಲಿ ಸಾಲ ತೀರಲು 60 ವರ್ಷ ಸಾಲದು. ದರ ಇನ್ನೊಂದಿಷ್ಟು ಏರಿದ್ದರೆ ಕಂತು ಬಡ್ಡಿಗೂ ಸಾಲದೆ ಬಾಕಿ ಬಡ್ಡಿ ಅಸಲಿಗೆ ಸೇರುತ್ತಿತ್ತು. 1859ರ ಮೂರು ವರ್ಷದ ಪತ್ರ ಮತ್ತೆ ಬಂದ ಹಾಗೆ, ಹೆಬ್ಬೆಟ್ಟೂ ಬೇಕಿಲ್ಲ.

2023ರ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕ್ ಇದಕ್ಕೆ ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂದು ಸಾಲಗಾರರನ್ನು ಕೇಳಬೇಕು. ಅವಧಿ ಹಿಗ್ಗಿಸಿದರೂ ಕಂತು ಬಡ್ಡಿಗಿಂತ ಕಡಿಮೆ ಆಗಕೂಡದು. ಮೂರು ತಿಂಗಳಿಗೊಮ್ಮೆ ಲೆಕ್ಕದ ಪಟ್ಟಿ ಕೊಡಬೇಕು. ಅದರಲ್ಲಿ ಇಲ್ಲಿಯವರೆಗೆ ಅಸಲಿಗೆ ಎಷ್ಟು, ಬಡ್ಡಿಗೆ ಎಷ್ಟು ಹೋಯಿತು, ಇನ್ನೆಷ್ಟು ಕಂತು ಉಳಿದಿದೆ ಎಂಬುದು ಇರಬೇಕು. 1879ರ ಪಾಸ್‌ಬುಕ್ಕಿಗೂ ಇದಕ್ಕೂ 144 ವರ್ಷ ಅಂತರ. ಕೇಳಿದ್ದು ಅದನ್ನೇ.

2024ರ ಅಕ್ಟೋಬರ್‌ನಿಂದ ಹೊಸ ಸಾಲಗಳಿಗೆ ‘ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್’ ಕೊಡುವುದೂ ಕಡ್ಡಾಯ. ಸಾಲಗಾರರಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು ಎಂಬ ಮಾತು ನಿಯಮದಲ್ಲೇ ಇದೆ. ಹಾಗಾಗಿ ಕನ್ನಡದಲ್ಲಿ ಕೊಡಿ ಎಂದು ಕೇಳುವುದಕ್ಕೆ ಸಂಕೋಚ ಬೇಡ. ಅದರಲ್ಲಿ ಎಪಿಆರ್ ಎಂಬ ಒಂದು ಅಂಕಿ ಇರುತ್ತದೆ. ಪ್ರೊಸೆಸಿಂಗ್ ಶುಲ್ಕ, ವಿಮೆ ಇತ್ಯಾದಿ ಖರ್ಚು ಸೇರಿಸಿದ ನಿಜವಾದ ವಾರ್ಷಿಕ ದರ ಅದು. ಸಾಲಕ್ಕೇ ಸೇರಿಸಿಬಿಡುವ ವಿಮೆಯ ಕಂತನ್ನು ವಿಶೇಷವಾಗಿ ನೋಡಿ. 30,000 ರೂಪಾಯಿ ವಿಮೆಯನ್ನು ಶೇ. 9ರಂತೆ 20 ವರ್ಷದ ಸಾಲಕ್ಕೆ ಸೇರಿಸಿದರೆ ಅದಕ್ಕೆ ಕಟ್ಟುವುದು ಸುಮಾರು 65,000.

ಲೆಕ್ಕ ಕೈಯಲ್ಲಿದ್ದರೆ ಮಾಡಬಹುದಾದ್ದು ಉಂಟು. ಅದೇ 10 ಲಕ್ಷದ, ಶೇ. 9ರ ಸಾಲವನ್ನು 15 ವರ್ಷಕ್ಕೆ ತೆಗೆದರೆ ಕಂತು 10,143. ತಿಂಗಳಿಗೆ 1,146 ಹೆಚ್ಚು, ಒಟ್ಟು ಬಡ್ಡಿಯಲ್ಲಿ 3 ಲಕ್ಷ 33 ಸಾವಿರ ಕಡಿಮೆ. 20 ವರ್ಷದ್ದನ್ನೇ ತೆಗೆದು, ಮೊದಲ ವರ್ಷದ ಕೊನೆಗೆ ಕಬ್ಬಿನ ಬಿಲ್ಲೋ ಅಡಿಕೆ ದುಡ್ಡೋ ಬಂದಾಗ 50,000 ಅಸಲಿಗೆ ಕಟ್ಟಿದರೆ, ಕಂತು ಅಷ್ಟೇ ಇಟ್ಟುಕೊಂಡರೂ 27 ಕಂತು ತಪ್ಪುತ್ತದೆ. ಅದೇ 50,000ವನ್ನು 15ನೇ ವರ್ಷದಲ್ಲಿ ಕಟ್ಟಿದರೆ ಇಷ್ಟು ಲಾಭವಿಲ್ಲ. ಬದಲಾಗುವ ದರದ ಮನೆಸಾಲವನ್ನು ಅವಧಿಗೆ ಮುಂಚೆ ತೀರಿಸಿದರೆ ಬ್ಯಾಂಕು ದಂಡ ಹಾಕುವಂತಿಲ್ಲ ಎಂದು 2012ರಲ್ಲೇ ಆದೇಶವಾಗಿದೆ. 50,000 ಕಟ್ಟುವಾಗ ‘ಅಸಲಿಗೆ ಜಮಾ, ಅವಧಿ ಇಳಿಸಿ’ ಎಂದು ಬರೆದುಕೊಟ್ಟು ಸ್ವೀಕೃತಿ ಪಡೆಯಿರಿ.

ಕೊನೆಗೆ ಕಾಗದದ ವಿಷಯ. ಸುಪೆಯ ರೈತರು ಸುಟ್ಟದ್ದು ಕಾಗದವನ್ನೇ, ಏಕೆಂದರೆ ಸಾಲ ತೀರಿದರೂ ಪತ್ರ ಸಾಹುಕಾರನ ಪೆಟ್ಟಿಗೆಯಲ್ಲೇ ಉಳಿದರೆ ಸಾಲ ಮತ್ತೆ ಜೀವ ಪಡೆಯುವ ಭಯ. ಇಂದು ಮನೆಸಾಲಕ್ಕೆ ನಾವು ಮೂಲ ಹಕ್ಕುಪತ್ರಗಳನ್ನೇ ಒಪ್ಪಿಸುತ್ತೇವೆ. 2023ರ ಸೆಪ್ಟೆಂಬರ್ 13ರ ಇನ್ನೊಂದು ಸುತ್ತೋಲೆಯಂತೆ, ಸಾಲ ಪೂರ್ತಿ ತೀರಿದ 30 ದಿನದೊಳಗೆ ಆ ಮೂಲ ಪತ್ರಗಳನ್ನು ಹಿಂದಿರುಗಿಸಬೇಕು, ದಾಖಲೆಗಳಲ್ಲಿರುವ ಋಣಭಾರವನ್ನೂ ತೆಗೆಸಬೇಕು. ತಮ್ಮ ತಪ್ಪಿನಿಂದ ತಡ ಮಾಡಿದರೆ ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು. ಕೊನೆಯ ಕಂತು ಕಟ್ಟಿದ ತಾರೀಖನ್ನು ಗೋಡೆಯ ಕ್ಯಾಲೆಂಡರಿನಲ್ಲಿ ಗುರುತು ಮಾಡಿಡಿ. ಒಂದು ತಿಂಗಳಾದ ಮೇಲೆ ನೋಂದಣಿ ಕಚೇರಿಯಿಂದ ಹೊಸ ಇ.ಸಿ. ತೆಗೆಸಿ ನೋಡಿ.